ಕನ್ನಡಿ ಪೂರ್ತಿ ಬೆಳಕು ವಾಪಸ್ ಕೊಡಲ್ಲ: ಏಳ್ಕೆರೆ ಸೀಮೆಯ 'ಬಾಕಿ' ಸಿದ್ಧಾಂತ, ಎಳೆದಾಡಿ ನೋಡಿ

ಕೆರೆಏರಿ

ಬಹಳ ದಿನದಿಂದ ಒಂದು ಫ್ಯಾಂಟಸಿ ಕಾದಂಬರಿ ಬರೀತಾ ಇದೀನಿ, ಲೋಕದ ಹೆಸರು ಏಳ್ಕೆರೆ ಸೀಮೆ. ಮೇಲಿನ ಕೆರೆ ಕೋಡಿ ಬಿದ್ರೆ ಕೆಳಗಿನದು ತುಂಬೋ ಥರ ಸಾಲಾಗಿ ಏಳು ಕೆರೆ, ಸುತ್ತ ಊರುಗಳು, ನಮ್ಮ ಕೋಲಾರದ ಕಡೆ ಕೆರೆಸಾಲು ಇರತ್ತಲ್ಲ ಅದೇ ಥರದ ನಕ್ಷೆ. ಅಲ್ಲಿ ಗಾಜು ಇನ್ನೂ ಬಂದಿಲ್ಲ, ಮುಖ ನೋಡ್ಕೊಳೋಕೆ ನೀರು, ಇಲ್ಲಾಂದ್ರೆ ಉಜ್ಜಿ ಹೊಳಪು ಬರಿಸಿದ ಲೋಹದ ತಟ್ಟೆ. ಮಾಂತ್ರಿಕರಿಗೆ ಬಿಂಬಗಾರರು ಅಂತಾರೆ, ಅವರ ವಿದ್ಯೆ ಪೂರ್ತಿ ನಿಂತಿರೋದು ಪ್ರತಿಬಿಂಬದ ಮೇಲೆ. ಇಲ್ಲಿ ಹಾಕ್ತಿರೋದು ಕತೆ ಅಲ್ಲ, ಆ ವಿದ್ಯೆ ಹಿಂದಿರೋ ಸಿದ್ಧಾಂತ, ಇದು ಎಲ್ಲಿ ಹರಿಯತ್ತೆ ಅಂತ ನೀವು ಎಳೆದಾಡಿ ಹೇಳ್ಬೇಕು.

ಸಿದ್ಧಾಂತ ಹೀಗೆ. ಯಾವ ಕನ್ನಡಿನೂ ತನ್ನ ಮೇಲೆ ಬಿದ್ದ ಬೆಳಕನ್ನ ಪೂರ್ತಿ ವಾಪಸ್ ಕೊಡಲ್ಲ. ಇದು ನಮ್ಮ ಲೋಕದಲ್ಲೂ ನಿಜ, ಅಲ್ಯೂಮಿನಿಯಂ ಲೇಪನದ ಕನ್ನಡಿ ಹೆಚ್ಚು ಕಮ್ಮಿ 90 ಪರ್ಸೆಂಟ್ ಹಿಂದಕ್ಕೆ ಕಳ್ಸತ್ತೆ, ನಿಂತ ನೀರನ್ನ ನೇರ ಮೇಲಿಂದ ಬಗ್ಗಿ ನೋಡಿದ್ರೆ ಅದು ಕೊಡೋದು ಬರೀ 2 ಪರ್ಸೆಂಟ್. ಮಿಕ್ಕಿದ್ದು ಎಲ್ಲಿ ಹೋಯ್ತು? ಏಳ್ಕೆರೆ ಸೀಮೆಯವರು ಹೇಳೋದು ಅದು ಕನ್ನಡಿ ಹತ್ರನೇ ಉಳ್ಕೊಂಡಿದೆ ಅಂತ, ಅದಕ್ಕೆ ಅವರು ಬಾಕಿ ಅಂತಾರೆ. ಕನ್ನಡಿ ಮುಂದೆ ನಿಂತಾಗಲೆಲ್ಲ ನಿಮ್ಮದೊಂದು ಪಾಲು ಅಲ್ಲಿ ಜಮೆ ಆಗ್ತಾ ಹೋಗತ್ತೆ, ಬಿಂಬಗಾರ ಅಂದ್ರೆ ಆ ಬಾಕಿ ವಸೂಲಿ ಮಾಡೋ ವಿದ್ಯೆ ಬಲ್ಲೋನು. 'ಕನ್ನಡಿಯೊಳಗಿನ ಗಂಟು' ಅಂತ ನಾವು ಕೈಗೆ ಸಿಗದೇ ಇರೋದಕ್ಕೆ ಅಂತೀವಲ್ಲ, ಅಲ್ಲಿ ಅದು ಕೈಗೆ ಸಿಗತ್ತೆ, ಆದ್ರೆ ಹೆಂಗೆ ಬೇಕೋ ಹಂಗೆ ಸಿಗಲ್ಲ.

ಇದರಿಂದ ಹುಟ್ಟೋ ಒಂದು ವಿಷಯ ನನಗೆ ತುಂಬಾ ಮುಖ್ಯ. ಚೆನ್ನಾಗಿ ಹೊಳೆಯೋ ಕನ್ನಡಿಲಿ ಶಕ್ತಿ ಕಮ್ಮಿ, ಮಬ್ಬಾಗಿರೋದ್ರಲ್ಲಿ ಜಾಸ್ತಿ. ಅರಮನೇಲಿರೋ ತಳತಳ ಅನ್ನೋ ಕಂಚಿನ ದರ್ಪಣ ಬಂದಿದ್ದನ್ನೆಲ್ಲ ವಾಪಸ್ ಕೊಟ್ಟು ಖಾಲಿಯಾಗಿ ಕೂತಿರತ್ತೆ, ಊರ ಕೆರೆ ಮಾತ್ರ ನೀರು ಹೊತ್ತವರು, ಬಟ್ಟೆ ಒಗೆದವರು, ಎಮ್ಮೆ ಮೈ ತೊಳೆದವರು, ಈಜು ಕಲಿತ ಹುಡುಗ್ರು, ಹೀಗೆ ತಲೆತಲೆಮಾರಿನ ಮುಖ ಎಲ್ಲಾ ಇಟ್ಕೊಂಡಿರತ್ತೆ. ಅತಿ ದೊಡ್ಡ ಶಕ್ತಿ ಇರೋದು ರಾಜನ ಹತ್ರ ಅಲ್ಲ, ಕೆರೆ ಹತ್ರ.

ಇನ್ನು ದಿಕ್ಕಿನ ನಿಯಮ. ಕನ್ನಡಿ ಎಡ-ಬಲ ಅದಲುಬದಲು ಮಾಡತ್ತೆ ಅಂತ ಎಲ್ರೂ ಹೇಳ್ತಾರೆ, ಆದ್ರೆ ಉತ್ತರಕ್ಕೆ ಮುಖ ಮಾಡಿ ಕನ್ನಡಿ ಮುಂದೆ ನಿಂತು ಪೂರ್ವದ ಕಡೆ ಕೈ ಚಾಚಿ ನೋಡಿ, ಬಿಂಬದ ಕೈನೂ ಪೂರ್ವಕ್ಕೇ ಚಾಚಿರತ್ತೆ, ಮೇಲೆ ಎತ್ತಿದ್ರೆ ಅದೂ ಮೇಲೇನೇ. ಕನ್ನಡಿ ಕಡೆ ಬೆರಳು ತೋರಿಸಿದಾಗ ಮಾತ್ರ ಬಿಂಬ ತಿರುಗಿ ನಿಮ್ಮ ಕಡೆ ತೋರಿಸತ್ತೆ, ಅಂದ್ರೆ ಕನ್ನಡಿ ತಿರುಗಿಸೋದು ಮುಂದು-ಹಿಂದನ್ನ ಮಾತ್ರ. ಹಾಗಾಗಿ ಬಿಂಬಗಾರರಿಗೆ ಒಂದು ವಸ್ತುನ ಪಕ್ಕಕ್ಕೆ ಸರಿಸೋಕೆ ಬರಲ್ಲ, ಹತ್ರ ಕರೆಯೋದು ಇಲ್ಲಾ ದೂರ ತಳ್ಳೋದು ಅಷ್ಟೇ. ಕೆರೆ ಮಲಗಿರೋ ಕನ್ನಡಿ, ಅದರ ಮುಂದು-ಹಿಂದು ಅಂದ್ರೆ ಮೇಲು-ಕೆಳಗು, ಆದ್ರಿಂದ ಕೆರೆಯ ಬಿಂಬಗಾರ ಮುಳುಗಿಸಬಲ್ಲ, ತೇಲಿಸಬಲ್ಲ.

ಮತ್ತೆ ಒಂದು, ಕನ್ನಡಿಯಿಂದ ಇನ್ನೊಬ್ಬ 'ನಾನು' ಎದ್ದು ಬಂದು ಕೆಟ್ಟ ಕೆಲಸ ಮಾಡೋದು ಈ ಲೋಕದಲ್ಲಿ ಇಲ್ಲ. ಅದನ್ನ ಎಷ್ಟೋ ಕಡೆ ಓದಿದೀವಿ. ಪ್ರತಿಬಿಂಬ ಶತ್ರು ಅಲ್ಲ, ನಮ್ಮದೇ ಪಾಲು, ವಾಪಸ್ ಬರಬೇಕಿರೋದು.

ಧಾರವಾಡದಾಕಿ

ಭಾಳ ಚಲೋ ಅದ ರೀ. ಮಬ್ಬು ಕನ್ನಡಿಗೆ ಶಕ್ತಿ ಜಾಸ್ತಿ ಅನ್ನೋದು ಮನಸಿಗೆ ಹಿಡಿಸ್ತು. ಆದ್ರ ಎರಡು ಪ್ರಶ್ನೆ ಅವ ನನಗ. ಒಂದು, ಕೆರಿಯೊಳಗ ಅಷ್ಟು ಮಂದಿ ಬಾಕಿ ಕೂಡಿ ಕೂತದ ಅಂದ್ಮ್ಯಾಲೆ ಯಾವುದು ಯಾರ್ದು ಅಂತ ಹೆಂಗ ತಿಳೀತದ? ನಮ್ಮವ್ವನ ಮುಖ ಬೇಕು ಅಂತ ಕರದ್ರ ಮತ್ತ್ಯಾರೋ ಬಂದ್ರ? ಇನ್ನೊಂದು, ಕಣ್ಣು ಕಾಣದವ್ರ ಗತಿ ಏನು ನಿಮ್ಮ ಸೀಮಿಯೊಳಗ? ವಿದ್ಯಾ ಪೂರಾ ಪ್ರತಿಬಿಂಬದ ಮ್ಯಾಲೆ ನಿಂತದ ಅಂದ್ರ ಅವ್ರನ್ನ ಹೊರಗಿಟ್ಟಂಗ ಆತು. ಇದಕ್ಕ ಸರಿ ಉತ್ತರ ಬೇಕು, ಸುಮ್ನ ಬ್ಯಾರೆ ಒಂದು ಶಕ್ತಿ ಕೊಟ್ಟು ಸಮಾಧಾನ ಮಾಡಬ್ಯಾಡ್ರಿ.

ಪಿಯು_ಫಿಸಿಕ್ಸ್

ಪಾಠ ಮಾಡೋನಾಗಿ ಒಂದೆರಡು ಮಾತು. ಲೆಕ್ಕ ಎಲ್ಲಾ ಸರಿಯಾಗಿದೆ, ಅದು ಖುಷಿ ಆಯ್ತು, ಆದ್ರೆ ಬಾಕಿ ಅನ್ನೋದನ್ನ ನೀವು ಒಂದೇ ಥರದ್ದು ಅಂತ ತಗೊಂಡಿದೀರ, ನಿಜದಲ್ಲಿ ಎರಡು ಥರ ಇದೆ. ಲೋಹದ ಕನ್ನಡಿ ವಾಪಸ್ ಕೊಡದೇ ಇರೋ ಬೆಳಕನ್ನ ಅದು ಹೀರ್ಕೊಳತ್ತೆ, ಆ ಬೆಳಕು ಶಾಖ ಆಗತ್ತೆ. ನೀರಲ್ಲಿ ಹಂಗಲ್ಲ, ವಾಪಸ್ ಬರದ 98 ಪರ್ಸೆಂಟ್ ನೀರಿನ ಒಳಗೆ ಇಳಿಯತ್ತೆ, ದಾರೀಲಿ ಒಂದಷ್ಟು ನೀರೇ ಹೀರ್ಕೊಂಡು, ತೇಲೋ ಕಣಗಳು ಒಂದಷ್ಟು ಚದುರಿಸಿ, ಕೆರೆ ಆಳ ಇಲ್ಲಾಂದ್ರೆ ಮಿಕ್ಕಿದ್ದು ತಳಕ್ಕೆ ಹೋಗಿ ಬೀಳತ್ತೆ. ಅಂದ್ರೆ ಲೋಹದ ಬಾಕಿ ಲೋಹದಲ್ಲೇ ಬಿಸಿಯಾಗಿ ಉಳಿಯತ್ತೆ, ಕೆರೆಯ ಬಾಕಿ ಮಾತ್ರ ಬಹುಪಾಲು ನೀರಿನ ಮೇಲ್ಮೈಲಿ ಇರಲ್ಲ, ಕೆಳಗಿರತ್ತೆ. ಇದನ್ನ ಕತೇಲಿ ಬಳಸ್ಕೊಳಿ, ಬಿಡಬೇಡಿ.

ಕೋನ ಕೂಡ ಮುಖ್ಯ. ನೇರ ಮೇಲಿಂದ ನೋಡಿದ್ರೆ 2 ಪರ್ಸೆಂಟ್, ಓರೆಯಾಗಿ ನೋಡ್ತಾ ಹೋದಂಗೆ ಏರತ್ತೆ, ನೀರಿನ ಮಟ್ಟಕ್ಕೆ ಕಣ್ಣು ತಂದ್ರೆ ಹೆಚ್ಚು ಕಮ್ಮಿ ಎಲ್ಲಾ ವಾಪಸ್ ಬರತ್ತೆ. ಅದಕ್ಕೇ ಏರಿ ಮೇಲೆ ನಿಂತು ದೂರದ ನೀರು ನೋಡಿದ್ರೆ ಆಚೆ ದಡದ ಮರ ಸ್ಪಷ್ಟ ಕಾಣತ್ತೆ, ಕಾಲ ಬುಡದ ನೀರಲ್ಲಿ ತಳದ ಕಲ್ಲು ಕಾಣತ್ತೆ. ನಿಮ್ಮ ನಿಯಮದ ಪ್ರಕಾರ ಕೆರೆಗೆ ಜಾಸ್ತಿ ಕೊಡೋರು ಬಗ್ಗಿ ನೀರು ತುಂಬೋರು, ದೂರ ನಿಂತು ನೋಡೋರಲ್ಲ. ಇದು ನಿಮ್ಮ ರಾಜ-ಕೆರೆ ವಿಷಯಕ್ಕೆ ಚೆನ್ನಾಗಿ ಕೂರತ್ತೆ ಅನ್ಸತ್ತೆ.

ಇನ್ನೊಂದು ನೀವು ಬಿಟ್ಟಿರೋದು ಕಾಲ. ಬೆಳಕಿಗೆ ಒಂದು ಅಡಿ ದಾಟೋಕೆ ಸುಮಾರು ಒಂದು ನ್ಯಾನೋಸೆಕೆಂಡ್ ಬೇಕು. ಕನ್ನಡಿಯಿಂದ ಒಂದು ಮೀಟರ್ ದೂರ ನಿಂತ್ರೆ ಹೋಗಿ ಬರೋಕೆ 6.7 ನ್ಯಾನೋಸೆಕೆಂಡ್ ಹತ್ರ. ಕನ್ನಡೀಲಿ ಈಗಿನ ಮುಖ ನೋಡಿದೋರು ಯಾರೂ ಇಲ್ಲ, ಯಾವಾಗ್ಲೂ ಸ್ವಲ್ಪ ಹಿಂದಿನದ್ದೇ. ದೂರ ಜಾಸ್ತಿ ಆದ್ರೆ ಇದು ಕಣ್ಣಿಗೇ ಗೊತ್ತಾಗೋ ಅಷ್ಟು ಆಗತ್ತೆ, 1969ರಲ್ಲಿ ಅಪೊಲೊ 11ರವರು ಚಂದ್ರನ ಮೇಲೆ ಇಟ್ಟು ಬಂದ ಪ್ರತಿಫಲಕಕ್ಕೆ ಇಲ್ಲಿಂದ ಲೇಸರ್ ಬಿಟ್ರೆ ವಾಪಸ್ ಬರೋಕೆ ಎರಡೂವರೆ ಸೆಕೆಂಡ್ ಬೇಕು. ನಮ್ಮ ಚಂದ್ರಯಾನ-3ರ ವಿಕ್ರಮ್ ಮೇಲೂ ನಾಸಾದ ಅಂಥದ್ದೊಂದು ಪುಟ್ಟ ಪ್ರತಿಫಲಕ ಇದೆ, ಅದರಲ್ಲಿ ಎಂಟು ಮೂಲೆಗನ್ನಡಿಗಳು (ಬೆಳಕು ಬಂದ ಕಡೆಗೇ ವಾಪಸ್ ಕಳ್ಸೋವು), 2023ರ ಡಿಸೆಂಬರ್‌ನಲ್ಲಿ ಚಂದ್ರನ ಸುತ್ತ ತಿರುಗೋ ನಾಸಾ ನೌಕೆ ಬಿಟ್ಟ ಲೇಸರ್‌ಗೆ ಅಲ್ಲಿಂದ ಉತ್ತರ ಬಂತು.

ಗಾಜಿನಂಗಡಿ

ನಾನು ಕನ್ನಡಿ ಕತ್ತರಿಸಿ ಫ್ರೇಮ್ ಹಾಕೋ ಕೆಲಸ ಮಾಡೋನು, ಈ ಥ್ರೆಡ್ ನೋಡಿ ಸುಮ್ನೆ ಇರಕ್ಕಾಗ್ಲಿಲ್ಲ. ಕನ್ನಡಿ ಅಂದ್ರೆ ಎಲ್ರೂ ಗಾಜು ಅನ್ಕೊತಾರೆ, ಗಾಜಲ್ಲ, ಗಾಜಿನ ಬೆನ್ನಿಗಿರೋ ಲೋಹ. ಒಳ್ಳೆ ಕನ್ನಡಿ ತಿರುಗಿಸಿ ನೋಡಿ, ಮೊದಲು ಬೆಳ್ಳಿಯ ತೆಳು ಪದರ, ಅದರ ಮೇಲೆ ಅದನ್ನ ಕಾಯೋಕೆ ತಾಮ್ರ ಇಲ್ಲಾ ಬೇರೆ ಲೇಪ, ಅದರ ಮೇಲೆ ಪೇಂಟು. ಸ್ನಾನದ ಮನೇಲಿ ಹಾಕಿದ ಕನ್ನಡಿ ಅಂಚಿಂದ ಕಪ್ಪಾಗ್ತಾ ಬರತ್ತಲ್ಲ, ಅದು ಕತ್ತರಿಸಿದ ಅಂಚಿಂದ ನೀರಿನ ಪಸೆ ಒಳಗೆ ಸೇರಿ ಬೆಳ್ಳಿ ಕೊರೀತಾ ಬರೋದು. ಅಂಚು ಸರಿಯಾಗಿ ಉಜ್ಜಿ ಸೀಲ್ ಮಾಡಿದ್ರೆ ಬಹಳ ವರ್ಷ ಬಾಳತ್ತೆ, ಮಾಡ್ದೆ ಇದ್ರೆ ಒಂದೆರಡು ಮಳೆಗಾಲಕ್ಕೇ ಹುಳ ತಿಂದಂಗೆ ಆಗತ್ತೆ.

ಹಿಂದೆ ಯುರೋಪಲ್ಲಿ ಪಾದರಸ-ತವರ ಬೆರೆಸಿ ಗಾಜಿಗೆ ಹಚ್ತಿದ್ರು, ಪಾದರಸದ ಆವಿ ಕುಡಿದು ಆ ಕೆಲಸಗಾರರ ಆರೋಗ್ಯ ಹಾಳಾಗೋದು. 1835ರ ಹೊತ್ತಿಗೆ ಜರ್ಮನಿಯ ಲೀಬಿಗ್ ರಾಸಾಯನಿಕದಿಂದ ಗಾಜಿನ ಮೇಲೆ ಬೆಳ್ಳಿ ಕೂರಿಸೋ ದಾರಿ ಕಂಡ್ಕೊಂಡ, ಆಮೇಲೆ ನಿಧಾನಕ್ಕೆ ಸಾಮಾನ್ಯರ ಮನೆಗೂ ಕನ್ನಡಿ ಬಂತು. ಕೆರೆಏರಿಯವರೇ, ಗಾಜು ಇಲ್ಲದ ಲೋಕ ಅಂತ ನೀವು ತಗೊಂಡಿದ್ದು ಒಳ್ಳೇದಾಯ್ತು, ಲೋಹದ ಕನ್ನಡಿ ಮಾಡೋರ ಕೈ ಕೆಲಸ ತೋರಿಸಬಹುದು. ಕೇರಳದ ಆರನ್ಮುಳ ಕನ್ನಡಿ ಕೈಲಿ ಹಿಡಿದು ನೋಡಿದೀನಿ. ತಾಮ್ರ ಮತ್ತೆ ತವರ, ಹೆಚ್ಚು ಕಮ್ಮಿ ಮೂರನೇ ಒಂದು ಪಾಲು ತವರ, ಬೆಂಗಳೂರಿನ ಶಾರದಾ ಶ್ರೀನಿವಾಸನ್ ಅವರು ಆ ಲೋಹದ ಮೇಲೆ ಸಂಶೋಧನೆ ಮಾಡಿದಾರೆ. ಅಷ್ಟು ತವರ ಹಾಕಿದ್ರೆ ಲೋಹ ಬೆಳ್ಳಗೆ ಹೊಳೆಯತ್ತೆ ಆದ್ರೆ ಗಾಜಿನಷ್ಟೇ ಬಿರುಸು, ಕೈತಪ್ಪಿದ್ರೆ ಚೂರು. ಅದಕ್ಕೆ ಬೆರಳು ತಾಗಿಸಿ ನೋಡಿ, ಬೆರಳಿಗೂ ಬಿಂಬದ ಬೆರಳಿಗೂ ನಡುವೆ ಸಂದೇ ಇರಲ್ಲ. ಮನೆ ಕನ್ನಡಿಗೆ ತಾಗಿಸಿದ್ರೆ ಗಾಜಿನ ದಪ್ಪ ಎಷ್ಟಿದೆಯೋ ಅದರ ಲೆಕ್ಕಕ್ಕೆ ಒಂದು ಸಂದು ಉಳ್ಕೊಳತ್ತೆ. ನಿಮ್ಮ ಬಿಂಬಗಾರರಿಗೆ ಈ ಸಂದು ಇಲ್ಲದ ಕನ್ನಡಿನೇ ಬೇಕಾಗತ್ತೆ ಅಂತ ನನ್ ಲೆಕ್ಕ, ಬಾಕಿ ಕೈಗೆ ಬರ್ಬೇಕು ಅಂದ್ರೆ ಮಧ್ಯ ಏನೂ ಇರಬಾರದು.

ಉಡುಪಿ_ರಥಬೀದಿ

ಇಲ್ಲಿ ಯಾರೂ ಎತ್ತದ ಒಂದು ವಿಚಾರ ಉಂಟು. ಪ್ರತಿಬಿಂಬ ಅಂದ್ರೆ ಏನು ಅಂತ ನಮ್ಮಲ್ಲಿ ನೂರಾರು ವರ್ಷ ವಾದ ಆಗಿದೆ, ಒಂದೊಂದು ವಾದ ತಗೊಂಡ್ರೂ ಒಂದೊಂದು ಮಾಂತ್ರಿಕ ಪದ್ಧತಿ ಕಟ್ಟಬಹುದು, ಹೊರಗಿಂದ ತರಬೇಕಂತಲೇ ಇಲ್ಲ. ಅದ್ವೈತದಲ್ಲೇ ನೋಡಿ, ಶಂಕರಾಚಾರ್ಯರ ಶಿಷ್ಯ ಪದ್ಮಪಾದರು, ಅವರ ನಂತರ ಪ್ರಕಾಶಾತ್ಮರು ಹೇಳೋದು ಬಿಂಬ (ಅಲ್ಲಿ ಬಿಂಬ ಅಂದ್ರೆ ಮೂಲ ವಸ್ತು) ಪ್ರತಿಬಿಂಬ ಎರಡಲ್ಲ, ಕನ್ನಡಿಯಲ್ಲಿ ಕಾಣೋದು ನಿಮ್ಮ ಮುಖವೇ, ಬೇರೆ ಜಾಗದಲ್ಲಿ ಇದ್ದ ಹಾಗೆ ಕಾಣೋದು ಮಾತ್ರ ಭ್ರಮೆ. ಶಂಕರರ ಇನ್ನೊಬ್ಬ ಶಿಷ್ಯ ಸುರೇಶ್ವರರ ದಾರಿ ಬೇರೆ, ಅಲ್ಲಿ ಪ್ರತಿಬಿಂಬ ಬರೀ ಆಭಾಸ, ಅಂದ್ರೆ ತೋರಿಕೆ, ಅದಕ್ಕೆ ಬಿಂಬದ ಸತ್ಯ ಇಲ್ಲ. ಈಗ ಇದನ್ನು ನಿಮ್ಮ ಸೀಮೆಗೆ ತನ್ನಿ. ಮೊದಲಿನವರ ಶಿಷ್ಯರಾದ ಬಿಂಬಗಾರರು ಬಾಕಿ ಅನ್ನೋದು ಮನುಷ್ಯನೇ ಅಂತಾರೆ, ಅದನ್ನು ಕೇಳದೆ ಮುಟ್ಟೋದು ಪಾಪ ಅಂತಾರೆ. ಎರಡನೆಯವರು ಅದು ಬರೀ ತೋರಿಕೆ, ಬೇಕಾದಷ್ಟು ಖರ್ಚು ಮಾಡಬಹುದು ಅಂತಾರೆ. ನಿಮಗೆ ಎರಡು ಪಂಗಡ ಸಿಕ್ಕಿತು, ಇಬ್ಬರಲ್ಲೂ ಕೆಟ್ಟವರಿಲ್ಲ, ಜಗಳ ಮಾತ್ರ ನಿಜವಾದ್ದು.

ನಮ್ಮ ಮಧ್ವಾಚಾರ್ಯರದ್ದು ಇನ್ನೂ ವಿಶೇಷ. ಜೀವ ಹರಿಯ ಪ್ರತಿಬಿಂಬ, ಆದ್ರೆ ನಡುವೆ ಬೇರೆ ಕನ್ನಡಿ ಅಂತ ಒಂದಿಲ್ಲ, ಸೂರ್ಯನಿಗೆ ಕಾಮನಬಿಲ್ಲು ಹೇಗೋ ಹಾಗೆ ಅಂತ ದೃಷ್ಟಾಂತ. ಕನ್ನಡಿ ಒಡೆದ್ರೆ ಪ್ರತಿಬಿಂಬ ಹೋಗತ್ತೆ ಅನ್ನೋ ಮಾತೇ ಅಲ್ಲಿ ಇಲ್ಲ. ನಿಮ್ಮ ಲೋಕದಲ್ಲಿ ಕನ್ನಡಿಯೇ ಬೇಡದ ಪ್ರತಿಬಿಂಬ ಒಂದು ಇರಬೇಕು ಅಂತ ನನ್ನ ಬಲವಾದ ಅಭಿಪ್ರಾಯ. ಅದಕ್ಕೆ ಬಾಕಿ ಇರೋದಿಲ್ಲ, ಅದನ್ನು ಯಾವ ಬಿಂಬಗಾರನೂ ವಸೂಲಿ ಮಾಡಲಾರ.

ಪಿಯು_ಫಿಸಿಕ್ಸ್

ಕಾಮನಬಿಲ್ಲು ಒಳ್ಳೆ ಉದಾಹರಣೆ, ಆದ್ರೆ ಬಾಕಿ ಇಲ್ಲ ಅಂತ ಹೇಳೋಕಾಗಲ್ಲ. ಮಳೆ ಹನಿ ಒಳಗೆ ಹೋದ ಬೆಳಕಲ್ಲಿ ಬಹುಪಾಲು ಹಿಂಬದಿಯಿಂದ ಆಚೆ ಹೋಗಿಬಿಡತ್ತೆ, ಒಳಗೆ ಒಂದ್ಸಲ ಪ್ರತಿಫಲಿಸಿ ನಮ್ಮ ಕಡೆ ಬರೋದು ಸ್ವಲ್ಪವೇ. ಒಂದು ಮಾತ್ರ ನಿಜ, ಕಾಮನಬಿಲ್ಲು ಒಂದು ಜಾಗದಲ್ಲಿ ಇರೋ ವಸ್ತು ಅಲ್ಲ, ಸೂರ್ಯನಿಗೆ ಬೆನ್ನು ಮಾಡಿ ನಿಂತ ಪ್ರತಿಯೊಬ್ಬರಿಗೂ ಅವರವರ ತಲೆ ನೆರಳಿನ ಸುತ್ತ 42 ಡಿಗ್ರಿಲಿ ಅವರದ್ದೇ ಬಿಲ್ಲು, ಪಕ್ಕದಲ್ಲಿ ನಿಂತೋರು ನೋಡೋದು ಬೇರೆ ಹನಿಗಳ ಬೆಳಕು.

ಉಡುಪಿ_ರಥಬೀದಿ

ದೃಷ್ಟಾಂತದ ಎಲ್ಲ ಅಂಶವೂ ಹೊಂದಬೇಕಂತ ಇಲ್ಲ, ಬೇಕಾದ ಅಂಶ ಹೊಂದಿದ್ರೆ ಸಾಕು. ಅಲ್ಲಿ ಹೇಳೋದು ಬೆಳಕಿನ ಲೆಕ್ಕ ಅಲ್ಲ. ಆದ್ರೆ ಪ್ರತಿಯೊಬ್ಬನಿಗೂ ಅವನದ್ದೇ ಬಿಲ್ಲು ಅಂತ ನೀವು ಹೇಳಿದ್ದು ನನಗೆ ಬಹಳ ಹಿತವಾಯಿತು.

ಕೆರೆಏರಿ

ಒಬ್ಬೊಬ್ರದ್ದೂ ಓದಿ ಕೂತು ಯೋಚನೆ ಮಾಡಿದೆ. ಧಾರವಾಡದಾಕಿಯವರ ಎರಡು ಪ್ರಶ್ನೆ ಮತ್ತೆ ಸರ್ ಹೇಳಿದ ಶಾಖದ ಮಾತು ಒಂದಕ್ಕೊಂದು ಕೂಡ್ಕೊಳತ್ತೆ, ನೋಡಿ.

ವಸೂಲಿ ಹಗಲಲ್ಲಿ ಆಗಲ್ಲ. ಬೆಳಕಿರೋವರೆಗೂ ಕನ್ನಡಿಗೆ ಹೊಸ ಬಾಕಿ ಸೇರ್ತಾನೇ ಇರತ್ತೆ, ಕಾಣೋದು ಈಗಿನ ಪ್ರತಿಬಿಂಬವೋ ಹಳೇ ಬಾಕಿಯೋ ಅಂತ ಬೇರೆ ಮಾಡೋಕೂ ಬರಲ್ಲ. ಅಮಾವಾಸ್ಯೆ ರಾತ್ರಿ ದೀಪ ಆರಿಸಿ ಕೂತಾಗ ಮಾತ್ರ ಒಳಗೆ ಹೋಗೋದು ನಿಲ್ಲತ್ತೆ, ಆಗ ಬರೋದೆಲ್ಲ ಬಾಕಿನೇ. ಆದ್ರೆ ಕತ್ತಲಲ್ಲಿ ಕಣ್ಣಿದ್ದವರಿಗೆ ಬಂದಿದ್ದು ಯಾರು ಅಂತ ಗೊತ್ತಾಗಲ್ಲ, ಅವ್ವನ್ನ ಕರೆದು ಬೇರೆಯವರನ್ನ ಮನೆಗೆ ಕರ್ಕೊಂಡು ಹೋದ ಬಿಂಬಗಾರರ ಕತೆಗಳು ಸೀಮೆ ತುಂಬಾ ಇವೆ. ಬಾಕಿ ಶಾಖವಾಗಿ ಉಳಿಯತ್ತೆ ಅಂದ್ರೆ ಅದನ್ನ ಗುರುತಿಸೋದು ಅಂಗೈ. ಕಣ್ಣು ಕಾಣದ ಹೆಂಗಸೊಬ್ಬಳು ಕತ್ತಲಲ್ಲಿ ಲೋಹದ ತಟ್ಟೆ ಮೇಲೆ ಅಂಗೈ ಇಟ್ಟು, ಗಾಜಿನಂಗಡಿಯವರು ಹೇಳಿದ ಹಾಗೆ ಮಧ್ಯ ಸಂದೇ ಇಲ್ಲದ ತಟ್ಟೆ, ಇದು ಇಂಥವರ ಮನೆ ಅಜ್ಜಿ, ಕೊನೇ ಸಲ ನೋಡ್ಕೊಂಡಾಗ ಜ್ವರ ಇತ್ತು ಅಂತ ಹೇಳ್ತಾಳೆ. ಇದು ಅವಳಿಗೆ ಬದಲಿಯಾಗಿ ಕೊಟ್ಟ ಶಕ್ತಿ ಅಲ್ಲ. ಎಲ್ರಿಗೂ ಅಂಗೈ ಇದೆ, ಮಿಕ್ಕೋರು ಕಣ್ಣನ್ನೇ ನಂಬಿ ಕೈಯನ್ನ ಪಳಗಿಸಿಲ್ಲ ಅಷ್ಟೇ. ಮತ್ತೆ ಬಾಕಿ ಉಳಿಯೋಕೆ ನೋಡೋರು ಇರಬೇಕು ಅಂತಾನೂ ಇಲ್ಲ, ಅವಳು ಕನ್ನಡಿ ನೋಡದೇ ಇದ್ರೂ ಅವಳ ಮೇಲೆ ಬಿದ್ದ ಬೆಳಕು ಹೋಗಿ ಕನ್ನಡಿಗೆ ಬೀಳತ್ತೆ, ಅವಳ ಲೆಕ್ಕನೂ ಅಲ್ಲಿ ಪೂರ್ತಿ ಇದೆ. ಕಾದಂಬರಿಯ ಮುಖ್ಯ ಪಾತ್ರ ಇವಳೇ ಅಂತ ಈಗ ನಿರ್ಧಾರ ಮಾಡಿದೀನಿ.

ಉಡುಪಿಯವರ ಎರಡು ಪಂಗಡ ಹಾಗೇ ತಗೋತೀನಿ. ಬಾಕಿಯೇ ಮನುಷ್ಯ ಅನ್ನೋರು ಕೆರೆ ಕಡೆಯವರು, ಬಾಕಿ ಬರೀ ತೋರಿಕೆ ಅನ್ನೋರು ಅರಮನೆ ಕಡೆಯವರು.

ಹಳೇಬೀಡು_ರಸ್ತೆ

ನಾನು ಬೇಲೂರಿನ ಕಡೆಯೋನು, ದರ್ಪಣ ಸುಂದರಿನ ಚಿಕ್ಕವಯಸ್ಸಿಂದ ನೋಡ್ತಾ ಬೆಳೆದಿದೀನಿ. 1117ರ ದೇವಸ್ಥಾನ, ಸೂರಿನ ಕೆಳಗೆ ಓರೆಯಾಗಿ ನಿಂತಿರೋ ಮದನಿಕೆಯರಲ್ಲಿ ಒಬ್ಬಳು, ಕೈಲಿ ಕನ್ನಡಿ ಹಿಡ್ಕೊಂಡು ತನ್ನನ್ನ ನೋಡ್ಕೊತಾ ಇದಾಳೆ. ಆ ಕನ್ನಡಿ ಬಳಪದ ಕಲ್ಲಿಂದು, ಅದು ಯಾವ ಮುಖನೂ ವಾಪಸ್ ಕೊಡಲ್ಲ. ನಿಮ್ಮ ಸಿದ್ಧಾಂತ ಓದಿದ ತಕ್ಷಣ ಹೊಳೆದಿದ್ದು ಇದೇ, ಕಲ್ಲಿನ ಕನ್ನಡಿ ಅಂದ್ರೆ ಮುಖದ ಮಟ್ಟಿಗೆ ಪೂರ್ತಿ ಬಾಕಿ. ಅವಳು 900 ವರ್ಷದಿಂದ ನೋಡ್ತಾನೇ ಇದಾಳೆ, ಕನ್ನಡಿ ಒಂದ್ಸಲಾನೂ ಕೊಟ್ಟಿಲ್ಲ. ನಿಮ್ಮ ಸೀಮೆಯಲ್ಲಿ ಕಲ್ಲಿನ ದರ್ಪಣ ಹಿಡಿದ ಒಂದು ವಿಗ್ರಹ ಇರಲಿ, ಅದನ್ನ ಮುಟ್ಟೋ ಧೈರ್ಯ ಯಾವ ಬಿಂಬಗಾರನಿಗೂ ಇರಬಾರದು.

ಅದೇ ಕಲ್ಲನ್ನ ಉಜ್ಜಿದ್ರೆ ಬೇರೆ ಕತೆ. ಹಳೇಬೀಡಿನ ಪಾರ್ಶ್ವನಾಥ ಬಸದಿ ಕಂಬಗಳಿಗೆ ಎಂಥಾ ಹೊಳಪು ಕೊಟ್ಟಿದಾರೆ ಅಂದ್ರೆ ಎದುರು ನಿಂತ್ರೆ ನಮ್ಮ ಆಕಾರ ಕಾಣತ್ತೆ, ಕಂಬ ಗುಂಡಗಿರೋದ್ರಿಂದ ಸಣಕಲಾಗಿ ಕಾಣತ್ತೆ. ಕಲ್ಲು ಒಂದೇ, ಒಂದು ಕೊಡತ್ತೆ, ಒಂದು ಕೊಡಲ್ಲ, ವ್ಯತ್ಯಾಸ ಇರೋದು ಕೈ ಕೆಲಸದಲ್ಲಿ.

ಧಾರವಾಡದಾಕಿ

ಅಂಗೈ ಉತ್ತರ ನನಗ ಒಪ್ಪಿತು. ಜ್ವರ ಇತ್ತು ಅಂತ ಹೇಳ್ತಾಳ ಅನ್ನೋ ಜಾಗಾದಾಗ ಮೈ ಜುಂ ಅಂತು.

ಇನ್ನೊಂದು ಸೇರಸ್ರಿ. ಬಾಕಿ ವಸೂಲಿ ಅಷ್ಟ ಯಾಕ, ಬಾಕಿಗೆ ಏನರ ಮಾಡಿದ್ರ ಅದು ಮನಷ್ಯಾಗ ಮುಟ್ಟಬೇಕು. ಪುರಿ ಜಗನ್ನಾಥನ ಗುಡಿಯೊಳಗ ಮೂರ್ತಿ ಕಟ್ಟಿಗೀದು, ದಿನಾ ನೀರು ಹಾಕಾಕ ಬರೂದಿಲ್ಲ, ಅದಕ್ಕ ಎದುರಿಗೆ ಕನ್ನಡಿ ಹಿಡದು ಅದರಾಗ ಕಾಣೂ ಬಿಂಬಕ್ಕ ಸ್ನಾನಾ ಮಾಡಸ್ತಾರ. ಬಂಗಾಲದಾಗ ದುರ್ಗಾಪೂಜಾಕ್ಕೂ ಹಂಗ, ಮಣ್ಣಿನ ಮೂರ್ತಿ ಅಲ್ಲೇನು, ದರ್ಪಣ ಸ್ನಾನನ. ಕನ್ನಡಿಗೆ ಹಾಕಿದ ನೀರು ದೇವರಿಗೆ ಮುಟ್ಟತದ ಅಂತ ಮಂದಿ ನಂಬಿಗಿ ಇಟ್ಟು ಮಾಡ್ತಾರ. ನಿಮ್ಮ ಸೀಮಿಯೊಳಗೂ ದೂರದಾಗ ಇರೋ ಮಗನಿಗೆ ಜ್ವರ ಬಂದ್ರ ಅವ್ವ ಕೆರಿ ನೀರಿನ್ಯಾಗ ಅವನ ಬಾಕಿಗೆ ತಣ್ಣನ ಅರಿವಿ ಇಡಬೇಕು.

ರಾತ್ರಿಪಾಳಿ

ಮೊದಲಿಂದ ಓದ್ಕೊಂಡು ಬಂದೆ. ಎರಡು ಕನ್ನಡಿ ಎದುರುಬದರು ಇಟ್ರೆ ಏನಾಗತ್ತೆ? ಕಟಿಂಗ್ ಶಾಪಲ್ಲಿ ಕಾಣೋ ಹಾಗೆ ಕೊನೇನೇ ಇಲ್ಲದ ಸಾಲು ಬರತ್ತಲ್ಲ, ಅಲ್ಲಿ ಬಾಕಿ ಲೆಕ್ಕ ಹೇಗೆ?

ಪಿಯು_ಫಿಸಿಕ್ಸ್

ಕೊನೆ ಇದೆ. ಒಂದೊಂದು ಸಲ ಬಡಿದಾಗಲೂ 90 ಪರ್ಸೆಂಟ್ ಉಳಿಯತ್ತೆ ಅಂದ್ಕೊಳಿ, ಹತ್ತು ಸಲ ಆದ್ಮೇಲೆ 35 ಪರ್ಸೆಂಟ್, ಇಪ್ಪತ್ತಕ್ಕೆ 12. ಗಾಜಿನಲ್ಲಿರೋ ಕಬ್ಬಿಣದ ಅಂಶದಿಂದ ದೂರದ ಬಿಂಬಗಳು ಹಸಿರಾಗ್ತಾ, ಕಪ್ಪಾಗ್ತಾ ಹೋಗ್ತವೆ. ಬಾಕಿ ಸಿದ್ಧಾಂತದ ಪ್ರಕಾರ ಎದುರುಬದರು ಕನ್ನಡಿ ಅಂದ್ರೆ ಕೊನೆಗೆ ಪೂರ್ತಿ ನುಂಗಿಬಿಡೋ ಜಾಗ, ಅಲ್ಲಿ ನಿಲ್ಲೋದು ಅಪಾಯ.

ಬೇರೊಂದು ಜೋಡಣೆ ನನಗೆ ಇನ್ನೂ ಇಷ್ಟ. ಎರಡು ಕನ್ನಡಿನ ಸರಿಯಾಗಿ 90 ಡಿಗ್ರಿಗೆ ಅಂಚಿಗೆ ಅಂಚು ಜೋಡಿಸಿ, ಆ ಮೂಲೆ ಕಡೆ ಮುಖ ಮಾಡಿ ನಿಂತು ಬಲಗೈ ಎತ್ತಿ. ನಡುವಿನ ಬಿಂಬ ಅದರ ಬಲಗೈನೇ ಎತ್ತತ್ತೆ, ಅಂದ್ರೆ ಎದುರು ನಿಂತ ಇನ್ನೊಬ್ಬರು ಎತ್ತಿದ ಹಾಗೆ, ನಿಮಗೆ ಅಭ್ಯಾಸ ಇರೋದಕ್ಕೆ ಉಲ್ಟಾ. ಊರಿನವರು ನಿಮ್ಮನ್ನ ಹೇಗೆ ನೋಡ್ತಾರೋ ಹಾಗೆ ನಿಮಗೆ ನೀವು ಕಾಣ್ತೀರ. ತಲೆ ಬಾಚೋಕೆ ಹೋದ್ರೆ ಕೈ ತಪ್ಪು ಕಡೆಗೇ ಹೋಗತ್ತೆ. ಕ್ಲಾಸಲ್ಲಿ ಇದನ್ನ ತೋರಿಸಿದಾಗ ಮಕ್ಕಳು ಒಂದು ಕ್ಷಣ ಹಿಂದೆ ಸರೀತಾರೆ, ತಮ್ಮದೇ ಮುಖ ಪರಿಚಯ ಇಲ್ಲದ ಹಾಗೆ. ಅದರ ಜೊತೆ ಕೆಳಗೂ ಮೂರನೇ ಕನ್ನಡಿ ಇಟ್ರೆ ಚಂದ್ರನ ಮೇಲಿರೋ ಥರದ ಮೂಲೆಗನ್ನಡಿ, ಎಲ್ಲಿಂದ ಬೆಳಕು ಬಂತೋ ಅಲ್ಲಿಗೇ ವಾಪಸ್, ನೀವು ಎಲ್ಲಿ ಸರಿದು ನಿಂತ್ರೂ ಮೂಲೇಲಿ ನಿಮ್ಮ ಕಣ್ಣೇ.

ಕೆರೆಏರಿ

ಮೂಲೆಗನ್ನಡಿ ಅರಮನೆ ನ್ಯಾಯಸ್ಥಾನಕ್ಕೆ ಹೋಯ್ತು. ಆರೋಪಿಯನ್ನ ಅದರ ಮುಂದೆ ನಿಲ್ಲಿಸ್ತಾರೆ, ಜನ ಕಂಡ ಹಾಗೆ ತನ್ನನ್ನ ತಾನು ಕಾಣ್ಬೇಕು, ಎಲ್ಲಿ ಸರಿದ್ರೂ ತನ್ನ ಕಣ್ಣೇ ತನ್ನ ಮೇಲೆ.

ಈಗ ನನಗೆ ಅಂಟ್ಕೊಂಡಿರೋ ಪ್ರಶ್ನೆ ಕೇಳ್ತೀನಿ, ಕತೆಯ ಕೊನೆ ಭಾಗ ಇದರ ಮೇಲೇ ನಿಂತಿದೆ. ಮೂರು ವರ್ಷ ಮಳೆ ಇಲ್ಲ, ಏಳನೇ ಕೆರೆ ಒಣಗತ್ತೆ. ನೀರೇ ಇಲ್ಲ ಅಂದ್ಮೇಲೆ ಅಷ್ಟು ತಲೆಮಾರಿನ ಬಾಕಿ ಎಲ್ಲಿ ಹೋಗತ್ತೆ? ಆವಿಯಾಗಿ ಮೋಡಕ್ಕೆ ಹೋಯ್ತು ಅಂತ ಬರೆಯೋಕೆ ಮನಸ್ಸು ಒಪ್ತಿಲ್ಲ, ಅದು ತುಂಬಾ ಸಲೀಸಾಯ್ತು.

ಗಾಜಿನಂಗಡಿ

ಮೇಷ್ಟ್ರು ಮೊದಲೇ ಹೇಳಿದಾರಲ್ಲ, ನೀರಿನ ಬಾಕಿ ತಳಕ್ಕೆ ಹೋಗಿ ಬೀಳತ್ತೆ ಅಂತ. ತಳದಲ್ಲಿ ಏನಿದೆ? ಹೂಳು. ನಮ್ಮ ತಾತ ನೀರಗಂಟಿ ಆಗಿದ್ರು, ತೂಬು ಎತ್ತೋದು ಇಳಿಸೋದು, ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಅನ್ನೋದು ಎಲ್ಲಾ ಅವರ ಕೈಲಿ. ಬೇಸಿಗೇಲಿ ಕೆರೆ ಒಣಗಿದಾಗ ಊರವರು ಗಾಡಿ ಕಟ್ಕೊಂಡು ಬಂದು ಹೂಳು ಎತ್ತಿ ಹೊಲಕ್ಕೆ ಹೊಡೀತಿದ್ರು. ಕೆರೆಗೆ ಆಳ ಬರೋದು, ಹೊಲಕ್ಕೆ ಕಸುವು ಬರೋದು. ಎರಡೂ ಒಂದೇ ಕೆಲಸ. ಒಣಗಿದ ಕೆರೆ ತಳ ಬಿರುಕು ಬಿಟ್ಟು ಹೆಂಟೆ ಹೆಂಟೆಯಾಗಿ ಎದ್ದಿರತ್ತೆ, ಮೇಲೆ ಬಿಳಿಚ್ಕೊಂಡು ಒಳಗೆ ಕಪ್ಪಗೆ, ಮುರಿದ್ರೆ ಬಸವನಹುಳುವಿನ ಚಿಪ್ಪು ಸಿಗೋದು.

ಪಿಯು_ಫಿಸಿಕ್ಸ್

ಇದೇ ಸರಿ. ಕಪ್ಪು ಮಣ್ಣು ಬೆಳಕನ್ನ ಚೆನ್ನಾಗಿ ಹೀರ್ಕೊಳತ್ತೆ ಕೂಡ.

ಧಾರವಾಡದಾಕಿ

ಅಂದ್ರ ಹೊಲಕ್ಕ ಹೋತು, ರಾಗಿಗೆ ಹೋತು, ಉಣ್ಣೋರ ಹೊಟ್ಟಿಗೆ ಹೋತು! ಸತ್ತ ಅಜ್ಜಿ ಬಾಕಿ ಮೊಮ್ಮಕ್ಕಳ ತಾಟಿಗೆ ಬಂತು. ವಸೂಲಿ ಮಾಡಾಕ ಬಿಂಬಗಾರನ ಬೇಡ, ರೈತರು ಹಿಂದಿಂದ ಮಾಡ್ಕೋತನ ಬಂದಾರ.

ಉಡುಪಿ_ರಥಬೀದಿ

ಹಾಗಾದ್ರೆ ಅರಮನೆ ಪಂಗಡಕ್ಕೂ ಕೆರೆ ಪಂಗಡಕ್ಕೂ ಕೊನೆಯ ಜಗಳ ಹೂಳಿನ ಮೇಲೇ ಆಗಬೇಕು. ತೋರಿಕೆ ಅನ್ನುವವರಿಗೆ ಅದು ಒಂದೇ ಕಡೆ ಒಟ್ಟಾಗಿ ಸಿಕ್ಕಿದ ಶಕ್ತಿ, ಗಾಡಿಗೆ ಹೇರಿ ರಾಜಧಾನಿಗೆ ಸಾಗಿಸುತ್ತಾರೆ. ಬಾಕಿಯೇ ಮನುಷ್ಯ ಅನ್ನುವವರು ಅದನ್ನು ಹೊಲಕ್ಕೆ ಹಾಕೋದಕ್ಕೂ ಒಪ್ಪಬಾರದು, ನೋಡಿ, ಅವರ ಸಿದ್ಧಾಂತವೇ ಅವರಿಗೆ ಅಡ್ಡ ಬರುತ್ತದೆ. ಹಿರಿಯರನ್ನು ಹೊಲಕ್ಕೆ ಹೇಗೆ ಹರಡೋದು?

ಕೆರೆಏರಿ

ಉಡುಪಿಯವರು ಕೊನೆಗೆ ಎತ್ತಿದ ಈ ಪ್ರಶ್ನೆಗೆ ಕಣ್ಣು ಕಾಣದ ಬಿಂಬಗಾರ್ತಿ ಉತ್ತರ ಹೇಳ್ಬೇಕು, ಬೇರೆ ಯಾರ ಬಾಯಲ್ಲೂ ಅದು ಕೂರಲ್ಲ. ಅವಳು ಕೆರೆ ಅಂಗಳಕ್ಕೆ ಇಳಿದು ಒಂದೊಂದು ಹೆಂಟೆ ಕೈಗೆ ತಗೊಂಡು ಇದು ಯಾರು, ಇದು ಯಾವ ಮನೆ ಅಂತ ಹೇಳ್ತಾ ಹೋಗ್ತಾಳೆ, ಆಯಾ ಮನೆಯವರು ಆಯಾ ಹೆಂಟೆ ಹೊತ್ತು ತಮ್ಮ ತಮ್ಮ ಹೊಲಕ್ಕೆ ಹಾಕ್ತಾರೆ, ಬೇರೆ ಊರಿನವರದ್ದು ಅಂತ ಬಂದ್ರೆ ಏರಿ ಮೇಲೆ ಇಡ್ತಾರೆ, ಅವರು ಬರೋವರೆಗೂ ಕಾಯ್ತಾರೆ. ರಾಜನ ಗಾಡಿಗಳು ಬರೋ ಮುಂಚೆ ಇದು ಮುಗೀಬೇಕು, ಅದೇ ಕೊನೇ ಅಧ್ಯಾಯದ ಓಟ. ಗುರುತೇ ಸಿಗದ ಹೆಂಟೆಗಳನ್ನ ಏನು ಮಾಡೋದು ಅನ್ನೋದು ಮಾತ್ರ ಬಾಕಿ ಇದೆ, ಗಾಜಿನಂಗಡಿಯವರೇ, ನಿಮ್ಮ ತಾತನ ಕಾಲದಲ್ಲಿ ಯಾರ ಪಾಲಿಗೂ ಬರದೆ ಮಿಕ್ಕ ಹೂಳನ್ನ ಏನು ಮಾಡ್ತಿದ್ರು?

ಗಾಜಿನಂಗಡಿ

ಏರಿ ಮೇಲೆ ಹಾಕಿ ತುಳಿದು ಗಟ್ಟಿ ಮಾಡ್ತಿದ್ರು, ಏರಿ ಎತ್ತರ ಆಗೋದು.